ಎಡದಿಂದ ಓದಿದ ತೋರಣ

ನಾನು ಇಪ್ಪತ್ತಾರು ವರ್ಷ ಮಕ್ಕಳಿಗೆ ಭೂಗೋಳ ಕಲಿಸಿದೆ. ಶುರು ಮಾಡಿದಾಗ ನನಗೆ ಭೂಗೋಳ ಬರುತ್ತಿರಲಿಲ್ಲ. ನಾನು ಲೆಕ್ಕದ ಮಾಸ್ತರ. ಈ ಮಾತನ್ನು ನಿವೃತ್ತಿಯ ದಿನ ಹಾರ ಹಾಕಿಸಿಕೊಂಡು ಕುಳಿತಾಗ ಹೇಳಿಬಿಡಬೇಕೆಂದು ಮನೆಯಿಂದ ಗಟ್ಟಿಮಾಡಿಕೊಂಡು ಹೋಗಿದ್ದೆ. ಮೂರು ಜನ ಎದ್ದು ಮಾತನಾಡಿದರು. ಒಬ್ಬರಂತೂ ನನ್ನ ತಲೆಯೊಳಗೆ ಜಗತ್ತಿನ ನಕಾಶೆಯೇ ಇದೆ ಎಂದರು. ನಾನು ಕೈಮುಗಿದು, ಹೊದಿಸಿದ ಶಾಲನ್ನು ಸರಿಮಾಡಿಕೊಂಡು ಮನೆಗೆ ಬಂದೆ.

ಈಗ ಹೊಸದಾಗಿ ನೌಕರಿಗೆ ಸೇರಿದ ಶಿಕ್ಷಕರು ಆಗೀಗ ನಮ್ಮ ಮನೆಗೆ ಬರುತ್ತಾರೆ. ಮಕ್ಕಳನ್ನು ಪ್ರಶ್ನೋತ್ತರ ಸ್ಪರ್ಧೆಗೆ ತಯಾರು ಮಾಡಬೇಕಂತೆ. ಅತಿ ಉದ್ದದ ನದಿ ಯಾವುದು, ಸಮುದ್ರವೇ ಇಲ್ಲದ ದೇಶಗಳು ಯಾವುವು, ಯಾವ ದೇಶಕ್ಕೆ ಯಾವ ರಾಜಧಾನಿ. "ಸರ್, ನಿಮ್ಮ ಅನುಭವ ಹೇಳಿ" ಎನ್ನುತ್ತಾರೆ. ನಾನು ನಗುವಂಥ ಎರಡು ಪ್ರಸಂಗ ಹೇಳಿ, ಚಹಾ ಕುಡಿಸಿ ಕಳಿಸುತ್ತೇನೆ. ಹೇಳದೆ ಹೊಟ್ಟೆಯಲ್ಲಿಟ್ಟುಕೊಂಡದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ವಯಸ್ಸಾದ ಮೇಲೆ ನಾಚಿಕೆ ಕಡಿಮೆಯಾಗುತ್ತದೆ ಎಂದು ಯಾರೋ ಹೇಳಿದ್ದರು. ನನ್ನ ವಿಷಯದಲ್ಲಿ ಅದು ಸುಳ್ಳು.

ನಮ್ಮದು ಕಕ್ಕೇರಾ ಕಡೆಯ ಹಳ್ಳಿ. ಕುರಿ ಸಾಕುವ ಮನೆತನ. ನಿಜಾಮರ ಕಾಲದಲ್ಲಿ ನಮ್ಮ ಕಡೆ ಶಾಲೆ ಎಂದರೆ ಉರ್ದು ಶಾಲೆ. ಲೆಕ್ಕವನ್ನೂ ಉರ್ದುವಿನಲ್ಲಿ ಕಲಿತೆ, ಇತಿಹಾಸವನ್ನೂ ಉರ್ದುವಿನಲ್ಲಿ ಕಲಿತೆ. ಕನ್ನಡ ಅಕ್ಷರ ಮಾತ್ರ ಊರಿನ ಅಯ್ಯನವರೊಬ್ಬರ ಕಟ್ಟೆಯ ಮೇಲೆ, ಮರಳಿನಲ್ಲಿ ಬೆರಳಾಡಿಸಿ ಬಂದದ್ದು. ಅದು ಮುಂದೆ ಅನ್ನ ಕೊಡುತ್ತದೆ ಎಂದು ನಮ್ಮ ಮನೆಯಲ್ಲಿ ಯಾರೂ ಎಣಿಸಿರಲಿಲ್ಲ. ಹೈದರಾಬಾದ್ ಸಂಸ್ಥಾನ ಭಾರತಕ್ಕೆ ಸೇರಿತು. ಶಾಲೆಗಳಲ್ಲಿ ಮೆಲ್ಲಗೆ ಕನ್ನಡ ಬಂತು. ಇನ್ನೆಂಟು ವರ್ಷಕ್ಕೆ ಸಂಸ್ಥಾನವೇ ಮೂರು ಪಾಲಾಗಿ, ನಮ್ಮ ಭಾಗ ಮೈಸೂರು ರಾಜ್ಯಕ್ಕೆ ಬಂತು. ಎಲ್ಲ ಕಾಗದಪತ್ರಕ್ಕೂ ಹೈದರಾಬಾದಿನ ಕಡೆ ನೋಡುತ್ತಿದ್ದ ನಾವು, ಒಂದು ಬೆಳಿಗ್ಗೆಯಿಂದ ಬೆಂಗಳೂರಿನ ಕಡೆ ನೋಡತೊಡಗಿದೆವು. ಆ ಊರನ್ನು ನಮ್ಮಲ್ಲಿ ಬಹಳ ಜನ ಕಂಡಿರಲೂ ಇಲ್ಲ.

ಆಗ ನಾನು ಶಹಾಪುರದ ಒಂದು ಮಿಡ್ಲ್ ಶಾಲೆಯಲ್ಲಿದ್ದೆ. ಕನ್ನಡ ಓದಿ ಬರೆಯಬಲ್ಲ ಮಾಸ್ತರರು ಇಬ್ಬರೇ. ಆದ್ದರಿಂದ ಏನೇ ಕನ್ನಡದ ಕೆಲಸ ಬಂದರೂ ಹೆಡ್‌ಮಾಸ್ತರರು ನನ್ನ ಕೊರಳಿಗೆ ಕಟ್ಟುತ್ತಿದ್ದರು. ನನಗೂ ಅದು ಹಿತವಾಗಿತ್ತು. ನಿನ್ನೆಯವರೆಗೆ ಸಭೆಯಲ್ಲಿ ಹಿಂದಿನ ಬೆಂಚಿನಲ್ಲಿ ಕೂಡುತ್ತಿದ್ದವನನ್ನು ಇವತ್ತು ಮುಂದೆ ಕರೆದು ಕೂಡಿಸಿದರೆ ಯಾರಿಗೆ ಹಿತವಾಗುವುದಿಲ್ಲ?

ಭೂಗೋಳದ ಮಾಸ್ತರರು ಖಾಜಾ ಹುಸೇನರು. ಐವತ್ತರ ಹತ್ತಿರದವರು, ಸಣಕಲು ಮೈ, ದೊಡ್ಡ ದನಿ. ಜೀವನದಲ್ಲಿ ಗುಲ್ಬರ್ಗಾ ದಾಟಿ ಎರಡು ಸಲ ಹೈದರಾಬಾದಿಗೆ ಹೋಗಿದ್ದರು, ಅಷ್ಟೇ. ಆದರೆ ಜಪಾನಿನಲ್ಲಿ ಎಷ್ಟು ದೊಡ್ಡ ದ್ವೀಪಗಳಿವೆ, ಹಾಲೆಂಡಿನವರು ಸಮುದ್ರವನ್ನು ಹೇಗೆ ತಡೆದಿದ್ದಾರೆ, ಯಾವ ದೇಶದಲ್ಲಿ ಸೂರ್ಯ ತಿಂಗಳುಗಟ್ಟಲೆ ಮುಳುಗುವುದಿಲ್ಲ ಎಂಬುದನ್ನೆಲ್ಲ ತಮ್ಮ ಓಣಿಯ ಸುದ್ದಿ ಹೇಳಿದ ಹಾಗೆ ಹೇಳುತ್ತಿದ್ದರು. ಕನ್ನಡ ನಮ್ಮ ನಿಮ್ಮ ಹಾಗೆ ಮಾತಾಡುತ್ತಿದ್ದರು. ಓದಲು ಬರೆಯಲು ಮಾತ್ರ ಬರುತ್ತಿರಲಿಲ್ಲ.

ಅವರು ಕಲಿಸುವ ರೀತಿಯನ್ನು ನೀವು ನೋಡಬೇಕಿತ್ತು. ಒಮ್ಮೆ ಅವರಿಗೆ ಜ್ವರ ಬಂದು, ನಾನು ಅವರ ತರಗತಿಗೆ ಹೋದೆ. ಗೋಡೆಯ ನಕಾಶೆಯಲ್ಲಿ ಕೋಲು ಇಟ್ಟು, ನೈಲ್ ನದಿ ದಕ್ಷಿಣದಲ್ಲಿ ಹುಟ್ಟಿ ಉತ್ತರಕ್ಕೆ ಹರಿಯುತ್ತದೆ ಎಂದು ಪುಸ್ತಕದಲ್ಲಿದ್ದದ್ದನ್ನು ಓದಿದೆ. ಕೃಷ್ಣಾ ನದಿ ದಂಡೆಯ ಮೀನುಗಾರರ ಮನೆಯ ಹುಡುಗಿ ದೇವಮ್ಮ ಎದ್ದು ನಿಂತಳು.

"ನೀರು ಕೆಳಗಿಂದ ಮ್ಯಾಲಕ ಹ್ಯಾಂಗ ಹತ್ತತದ್ರಿ?"

ನಕಾಶೆಯಲ್ಲಿ ಉತ್ತರ ಮೇಲಿತ್ತು. ಅವಳ ಪ್ರಶ್ನೆ ಸರಿಯಾಗಿಯೇ ಇತ್ತು. "ಎದುರು ಮಾತಾಡ್ತೀ?" ಎಂದು ಬೆಂಚಿನ ಮೇಲೆ ನಿಲ್ಲಿಸಿದೆ. ಗಂಟೆ ಹೊಡೆಯುವವರೆಗೂ ನಿಂತಿದ್ದಳು.

ಮರುದಿನ ಖಾಜಾ ಹುಸೇನರು ಬಂದು ಸಂಗತಿ ಕೇಳಿದರು. ನನಗೇನೂ ಅನ್ನಲಿಲ್ಲ. ಗೋಡೆಯ ನಕಾಶೆ ಇಳಿಸಿ ನೆಲದ ಮೇಲೆ ಹಾಸಿದರು. ಮಕ್ಕಳನ್ನು ಸುತ್ತ ಕೂಡಿಸಿದರು.

"ಈಗ ಯಾವ ಕಡಿ ಮ್ಯಾಲ ಅದ ಹೇಳವ್ವಾ?"

ದೇವಮ್ಮ ನಕಾಶೆಯ ಸುತ್ತ ಒಂದು ಸುತ್ತು ಬಂದು, "ಯಾವ ಕಡೀನೂ ಇಲ್ರಿ" ಎಂದಳು.

"ನಿಮ್ಮೂರ ಹೊಳಿ ಯಾಕ ಮೂಡಲಕ್ಕ ಹೊಂಟದ?"

"ಆ ಕಡಿ ಇಳಕಲು ಅದರಿ."

"ನೈಲ್ ಹರಿಯೋ ಮಿಸರ ದೇಶದಾಗ ಇಳಕಲು ಉತ್ತರಕ್ಕ ಅದ. ನೀರಿಗಿ ನಕಾಶಿ ಓದಾಕ ಬರಂಗಿಲ್ಲವ್ವಾ. ಅದಕ್ಕ ಇಳಕಲು ಅಷ್ಟ ಗೊತ್ತು."

ಮಕ್ಕಳು ನಕ್ಕರು. ನಾನು ಬಾಗಿಲಲ್ಲಿ ನಿಂತು ಕೇಳಿಸಿಕೊಂಡೆ. ಆ ಹುಡುಗಿಯ ಹತ್ತಿರ ಒಂದು ಮಾತು ಆಡಬೇಕಿತ್ತು, ಆಡಲಿಲ್ಲ. ಮೊದಲನೆಯ ತಪ್ಪನ್ನು ಹೀಗೆ ಸುಮ್ಮನೆ ನುಂಗಿದ್ದರಿಂದಲೇ ಎರಡನೆಯದು ಸಲೀಸಾಯಿತೇನೋ.

ಇನ್ನೊಂದು ಸಲ, ಆಸ್ಟ್ರೇಲಿಯಾದಲ್ಲಿ ಮನುಷ್ಯರಿಗಿಂತ ಕುರಿಗಳೇ ಹೆಚ್ಚು ಎಂದು ಅವರು ತರಗತಿಯಲ್ಲಿ ಹೇಳಿದ್ದರು. ಮರುದಿನ ಒಬ್ಬ ಕುರಿಗಾರ ಹೆಗಲ ಮೇಲೆ ಕಂಬಳಿ ಹಾಕಿಕೊಂಡು ಶಾಲೆಗೇ ಬಂದ. ಮಗ ಮನೆಯಲ್ಲಿ ಹೇಳಿದ್ದನಂತೆ.

"ಅಷ್ಟು ಕುರಿ ಇದ್ರ ಕಾಯೋರು ಯಾರ್ರೀ ಮಾಸ್ತರ್ರೇ? ನಾಯೀನ ಕಾಯ್ತದಂತ ಹುಡುಗ ಹೇಳ್ತಾನ. ಖರೇನ್ರಿ?"

ಖಾಜಾ ಹುಸೇನರು ಅವನನ್ನು ಬೇವಿನ ಗಿಡದ ಕೆಳಗೆ ಕೂಡಿಸಿಕೊಂಡು, ತಂತಿ ಬೇಲಿ, ಕುದುರೆ ಮೇಲೆ ಕೂತು ಕಾಯುವವರು, ಉಣ್ಣೆ ಕತ್ತರಿಸುವ ಕಾಲ, ಎಲ್ಲ ವಿವರಿಸಿದರು. ಅವನು ಹೋಗುವಾಗ ಅವರ ಕಾಲು ಮುಟ್ಟಲು ಬಗ್ಗಿದ. ಕುರಿಗಾರರ ಮನೆಯಲ್ಲಿ ಹುಟ್ಟಿದ ನನಗೆ ಅದನ್ನು ನೋಡಿ ಸಂತೋಷವಾಗಬೇಕಿತ್ತು. ನಿಜ ಹೇಳಬೇಕೆಂದರೆ ಹೊಟ್ಟೆಕಿಚ್ಚಾಯಿತು.

ಈಗ ತೋರಣದ ಸಂಗತಿ. ಖಾಜಾ ಹುಸೇನರು ರಟ್ಟಿನ ಚೀಟಿಗಳನ್ನು ದಾರಕ್ಕೆ ಪೋಣಿಸಿ, ತರಗತಿಯ ಗೋಡೆಗೆ ಹಬ್ಬದ ತೋರಣದ ಹಾಗೆ ಕಟ್ಟಿದ್ದರು. ಒಂದೊಂದು ಖಂಡಕ್ಕೆ ಒಂದೊಂದು ತೋರಣ. ಚೀಟಿಗಳಲ್ಲಿ ಉರ್ದು ಬರಹ. ಒಂದು ಚೀಟಿಯಲ್ಲಿ ಕೆಂಪು ಮಸಿಯಲ್ಲಿ ದೇಶ, ಅದರ ಮಗ್ಗುಲಿನ ಚೀಟಿಯಲ್ಲಿ ಕಪ್ಪು ಮಸಿಯಲ್ಲಿ ರಾಜಧಾನಿ, ಮತ್ತೆ ದೇಶ, ಮತ್ತೆ ರಾಜಧಾನಿ. ಉರ್ದುವನ್ನು ಬಲದಿಂದ ಎಡಕ್ಕೆ ಓದುವುದಲ್ಲವೇ, ಮಕ್ಕಳು ಬಲಗಡೆಯ ಮೂಲೆಯಿಂದ ನಡೆಯುತ್ತ, ಒಂದೊಂದೇ ಚೀಟಿ ಮುಟ್ಟುತ್ತ ಹೇಳುತ್ತ ಹೋಗುತ್ತಿದ್ದರು.

ಇದನ್ನೆಲ್ಲ ಕನ್ನಡದಲ್ಲಿ ಒಂದು ಯಾದಿ ಮಾಡಿ ಕೊಡಿ ಎಂದು ಹೆಡ್‌ಮಾಸ್ತರರು ನನಗೆ ಹೇಳಿದರು. ಯಾದಗಿರಿಯಲ್ಲಿ ಸೈಕ್ಲೋಸ್ಟೈಲ್ ಮಾಡಿಸಿ, ಸುರಪುರ ಯಾದಗಿರಿ ಕಡೆಯ ಶಾಲೆಗಳಿಗೂ ಕಳಿಸುವುದೆಂದು ಮಾತಾಗಿತ್ತು. ಖಾಜಾ ಹುಸೇನರು ಖುಷಿಯಿಂದ ಒಪ್ಪಿದರು. ಅವರು ತೋರಣ ನೋಡಿ ಹೇಳುವುದು, ನಾನು ಬರೆಯುವುದು. ಏಷ್ಯಾ, ಯುರೋಪು, ಆಫ್ರಿಕಾ ಹೀಗೆ ಮುಗಿದವು. ದಕ್ಷಿಣ ಅಮೆರಿಕದ ಒಂದು ತೋರಣ ಉಳಿಯಿತು. ಅವತ್ತು ಶುಕ್ರವಾರ. ಅವರು ನಮಾಜಿಗೆ ಹೊರಟರು.

"ಹೋಗಿ ಬರ್ತೀನಿ, ಬಂದ ಮ್ಯಾಲ ಬರಿಯೋಣು" ಎಂದರು.

"ಹೋಗ್ರಿ ಹೋಗ್ರಿ, ನನಗೇನ್ ಉರ್ದು ಬರಂಗಿಲ್ಲೇನು? ನಾನ ನೋಡಿ ಬರೀತೀನಿ" ಎಂದೆ ನಾನು.

ಬರೆಯಲು ಕುಳಿತೆ. ಉರ್ದು ಓದುತ್ತಲೇ ಬೆಳೆದವನು ನಾನು, ಆದರೆ ಕೈಯಲ್ಲಿದ್ದದ್ದು ಕನ್ನಡದ ಹಾಳೆ. ಕನ್ನಡದ ಕೈ ಎಡದಿಂದ ಶುರುವಾಗುತ್ತದೆ. ಒಂದೊಂದು ಚೀಟಿಯ ಹೆಸರನ್ನು ಸರಿಯಾಗಿಯೇ ಓದಿದೆ. ಸಾಲನ್ನು ಮಾತ್ರ ಎಡಗಡೆಯ ತುದಿಯಿಂದ ಹಿಡಿದೆ. ಅಲ್ಲಿ ಮೊದಲ ಚೀಟಿ ಬ್ಯೂನಸ್ ಐರಿಸ್. ಕಪ್ಪು ಮಸಿ ಎಂದರೆ ರಾಜಧಾನಿ, ಅದರ ದೇಶ ಇನ್ನೆಲ್ಲೋ ಇರಬೇಕೆಂದು ಪಕ್ಕಕ್ಕೆ ಬಿಟ್ಟೆ. ಆಮೇಲೆ ದೇಶ, ಅದರ ಬಲಕ್ಕೆ ರಾಜಧಾನಿ ಎಂದು ಜೋಡಿ ಮಾಡುತ್ತ ಹೋದೆ. ಅರ್ಜೆಂಟೀನಾಕ್ಕೆ ಸ್ಯಾಂಟಿಯಾಗೊ. ಚಿಲಿಗೆ ಲಿಮಾ. ಪೆರುವಿಗೆ ಕ್ವಿಟೊ. ಈಕ್ವೆಡಾರಿಗೆ ಬೊಗೋಟಾ. ಕೊಲಂಬಿಯಾಕ್ಕೆ ಕರಾಕಸ್. ಕೊನೆಗೆ ವೆನೆಜುವೆಲಾ ಒಂಟಿಯಾಗಿ ಉಳಿಯಿತು. ಮೊದಲು ಬಿಟ್ಟಿದ್ದ ಬ್ಯೂನಸ್ ಐರಿಸನ್ನು ತಂದು ಅದಕ್ಕೆ ಅಂಟಿಸಿದೆ. ಲೆಕ್ಕದ ಮಾಸ್ತರನಿಗೆ ಆರು ದೇಶ, ಆರು ರಾಜಧಾನಿ, ತಾಳೆಯಾಯಿತು. ಆ ದೇಶಗಳ ಹೆಸರನ್ನು ನಾನು ಅವತ್ತೇ ಮೊದಲು ಬರೆದದ್ದು.

ಯಾದಿ ಹೆಡ್‌ಮಾಸ್ತರರ ಕೈಗೆ ಹೋಯಿತು, ಯಾದಗಿರಿಗೆ ಹೋಯಿತು, ಪ್ರತಿಗಳಾಗಿ ಬಂತು. ಮೇಲೆ "ಸಿದ್ಧಪಡಿಸಿದವರು: ಭೀಮರಾಯ, ಸಹಶಿಕ್ಷಕ" ಎಂದಿತ್ತು. ಖಾಜಾ ಹುಸೇನರ ಹೆಸರಿರಲಿಲ್ಲ. ನಾನೇ ಬರೆದಿರಲಿಲ್ಲ. ಅವರ ಕೈಗೆ ಒಂದು ಪ್ರತಿ ಕೊಟ್ಟಾಗ, ಅದರಲ್ಲಿ ಏನು ಬರೆದಿದೆ ಎಂದು ನಾನೇ ಓದಿ ಹೇಳಬೇಕಾಯಿತು.

"ಹೆಸರು ಯಾರದಿದ್ರ ಏನ್ರಿ, ದುನಿಯಾ ಏನ್ ನಂದಲ್ಲ" ಎಂದು ನಕ್ಕರು.

ಅದೇ ದಿನಗಳಲ್ಲಿ ಅವರಿಗೊಂದು ಸಂಕಟ ಬಂದಿತ್ತು. ಮುಂದಿನ ತಪಾಸಣೆಗೆ ಇನ್‌ಸ್ಪೆಕ್ಟರ್ ಬಂದಾಗ, ಉರ್ದುವಿನಲ್ಲಿ ಕಲಿತ ಮಾಸ್ತರರು ಕನ್ನಡ ಓದಿ ತೋರಿಸಬೇಕು, ಕನ್ನಡದಲ್ಲಿ ಪಾಠ ಮಾಡಿ ತೋರಿಸಬೇಕು. ಒಪ್ಪಿಗೆಯಾದರೆ ಅದೇ ಶಾಲೆ, ಅದೇ ವಿಷಯ. ಇಲ್ಲದಿದ್ದರೆ ಭೂಗೋಳ ಕೈಬಿಟ್ಟು ಯಾವುದೋ ಹಳ್ಳಿಯಲ್ಲಿ ಒಂದನೆಯ ತರಗತಿ. ಹೆಡ್‌ಮಾಸ್ತರರು ಇದನ್ನು ಎಲ್ಲರೆದುರು ಹೇಳಿದರು. ಖಾಜಾ ಹುಸೇನರು ಕನ್ನಡ ಕಲಿಯಲು ಆರಿಸಿಕೊಂಡ ಪುಸ್ತಕ ಯಾವುದು ಗೊತ್ತೇ? ನನ್ನ ಯಾದಿ. ಅದರಲ್ಲಿದ್ದ ಹೆಸರೆಲ್ಲ ಅವರಿಗೆ ಬಾಯಿಪಾಠ. ಹೆಸರು ಗೊತ್ತಿದ್ದರೆ ಅಕ್ಷರ ತಾನಾಗಿ ಗುರುತಾಗುತ್ತದೆ ಎಂಬುದು ಅವರ ಉಪಾಯ. ಜಾಣ ಉಪಾಯವೇ. ಒಂದೂವರೆ ತಿಂಗಳಲ್ಲಿ ಏಷ್ಯಾ, ಯುರೋಪು, ಆಫ್ರಿಕಾ ದಾಟಿದರು. ಮಧ್ಯಾಹ್ನದ ಬಿಡುವಿನಲ್ಲಿ ಬೆರಳಿಟ್ಟು ಓದುತ್ತಿದ್ದರು, ಸಣ್ಣ ಮಕ್ಕಳ ಹಾಗೆ ತುಟಿ ಅಲ್ಲಾಡುತ್ತಿತ್ತು.

ಒಂದು ದಿನ ನನ್ನನ್ನು ತಮ್ಮ ತರಗತಿಗೆ ಕರೆದು, ಯಾದಿ ಮುಂದೆ ಹಿಡಿದರು.

"ಭೀಮರಾಯರ, ಇದು ಯಾವ ಅಕ್ಷರ ನೋಡ್ರಿ. ನನಗ ಕ್ವಿಟೋ ಅಂತ ಕಾಣಾಕತ್ತದ."

"ಕ್ವಿಟೋನ ಅದರಿ."

"ಪೆರು ಮುಂದ ಅದ."

"ಹೌದ್ರಿ."

"ಪೆರುದ್ದು ಲಿಮಾ ಅಲ್ಲೇನ್ರಿ? ನಾ ಓದೋದು ತಪ್ಪಾಗ್ಯದೇನೋ ಅಂತ ನಾಕ್ ಸಲ ನೋಡೀನಿ."

ಕಾಗದ ನೋಡಿದೆ. ಅವರು ಬೆರಳಿಟ್ಟ ಸಾಲಿನ ಮೇಲೊಂದು ಸಾಲು, ಚಿಲಿಯ ಎದುರು ಲಿಮಾ ಕುಳಿತಿತ್ತು. ಆಗ ಗೋಡೆಯ ಕಡೆ ಕಣ್ಣು ಹೋಯಿತು. ಬಲಗಡೆಯ ಮೂಲೆಯಿಂದ ಓದಿದೆ. ವೆನೆಜುವೆಲಾ, ಕರಾಕಸ್. ಕೊಲಂಬಿಯಾ, ಬೊಗೋಟಾ. ಯಾದಿ ಆಗಲೇ ಸುರಪುರಕ್ಕೂ ಹೋಗಿತ್ತು, ಯಾದಗಿರಿಯ ಶಾಲೆಗಳಿಗೂ ಹೋಗಿತ್ತು, ಪ್ರತಿಯೊಂದರ ಮೇಲೂ ನನ್ನ ಹೆಸರಿತ್ತು. ಕುರಿಗಾರನ ಮಗ ಉರ್ದು ಸಾಲನ್ನು ತಿರುಗಿಸಿ ಓದಿದ ಎಂದು ನಾಲ್ಕು ಊರು ನಗುವುದು ಕಣ್ಣಿಗೆ ಕಟ್ಟಿತು. ಬಾಯಿಗೆ ಸುಳ್ಳು ತಾನಾಗಿ ಬಂತು.

"ಮ್ಯಾಲಿಂದ ಹೊಸಾ ಯಾದಿ ಬಂದದರಿ, ಅದನ್ನ ನೋಡಿ ಬರದೀನಿ. ಅಲ್ಲೀನೂ ಭಾಷಾವಾರು ಪ್ರಾಂತ ಮಾಡ್ಯಾರಂತ. ರಾಜಧಾನಿ ಹಿಂದಮುಂದ ಆಗ್ಯಾವ."

ಅವರು ಹುಬ್ಬು ಗಂಟಿಕ್ಕಿದರು. "ಅಲ್ಲಿ ಬಹಳ ಮಂದಿದು ಒಂದ ಭಾಷಾ ಅಲ್ಲೇನ್ರಿ, ಸ್ಪ್ಯಾನಿಶ್ದು?"

"ಅದಕ್ಕ ಮತ್ತ. ಹ್ಯಾಂಗ ಬೇಕಾದ್ರೂ ಕೂಡಸಬಹುದು, ಹ್ಯಾಂಗ ಬೇಕಾದ್ರೂ ಒಡೀಬಹುದು."

"ಅದೂ ಆತು. ಆದ್ರ ವೆನೆಜುವೆಲಾಕ್ಕ ಬ್ಯೂನಸ್ ಐರಿಸ್ ಹ್ಯಾಂಗ್ರಿ? ಒಂದು ಖಂಡದ ಈ ತುದಿಗಿ, ಒಂದು ಆ ತುದಿಗಿ."

ಮುಂದಿನ ಮಾತು ನಾನು ಯಾಕೆ ಆಡಿದೆನೋ.

"ನಮ್ಮದು ಹೈದರಾಬಾದ್ ಹೋಗಿ ಬೆಂಗಳೂರ ಆಗಲಿಲ್ಲೇನ್ರಿ? ನಿಮ್ಮನ್ನ ಕೇಳಿ ಮಾಡಿದ್ರೇನು?"

ಅವರು ಯಾದಿಯನ್ನು ಮೆಲ್ಲಗೆ ಮಡಿಚಿದರು. ಅವರ ಅಣ್ಣತಮ್ಮಂದಿರು ಹೈದರಾಬಾದಿನಲ್ಲಿದ್ದರು. ಆ ಊರು ಇದ್ದಕ್ಕಿದ್ದ ಹಾಗೆ ಬೇರೆ ರಾಜ್ಯದ್ದಾಗಿತ್ತು. "ಖರೆ ಅದರಿ" ಎಂದರು. "ನಮ್ಮನ್ನ ಯಾರೂ ಕೇಳಲಿಲ್ಲ. ಅವರನ್ನೂ ಕೇಳಿರಲಿಕ್ಕಿಲ್ಲ."

ಅಷ್ಟು ತಿಳಿದ ಮನುಷ್ಯ ಅಷ್ಟು ಹಸಿ ಸುಳ್ಳನ್ನು ನಂಬಿದರೇ ಎಂದು ನೀವು ಕೇಳಬಹುದು. ಆ ವರ್ಷಗಳಲ್ಲಿ ಬಾಳಿದವರಿಗೆ ಅದು ಆಶ್ಚರ್ಯವಲ್ಲ. ನಾಣ್ಯ ಬದಲಾಗಿತ್ತು, ಭಾಷೆ ಬದಲಾಗಿತ್ತು, ಅಂಚೆಯ ಮುದ್ರೆ ಬದಲಾಗಿತ್ತು. ಶಾಲೆಯ ಹಳೆಯ ಉರ್ದು ಪುಸ್ತಕ, ಅಟ್ಲಾಸು ಎಲ್ಲವನ್ನೂ ಪೆಟ್ಟಿಗೆಗೆ ತುಂಬಿ ಕಳಿಸಿಯಾಗಿತ್ತು. ಮುಂದಿನ ವಾರ ಹೆಡ್‌ಮಾಸ್ತರರು ಆ ತೋರಣಗಳನ್ನೂ ಬಿಚ್ಚಿಸಿದರು. ಖಾಜಾ ಹುಸೇನರು ತಮ್ಮ ತಲೆಯಲ್ಲಿದ್ದದ್ದನ್ನು ಅಳಿಸಿ, ನನ್ನ ಯಾದಿಯನ್ನು ಬಾಯಿಪಾಠ ಮಾಡಿದರು. ಮಕ್ಕಳಿಗೂ ಮಾಡಿಸಿದರು. ಗೋಡೆಯಾಚೆ ನನ್ನ ತರಗತಿಗೆ ಅದು ಕೇಳುತ್ತಿತ್ತು. ನನಗೆ ಇನ್ನೂ ಮೂರು ವಾರ ಸಮಯವಿತ್ತು. ಒಂದು ಮಾತು ಹೇಳಿದ್ದರೆ ಮುಗಿಯುತ್ತಿತ್ತು. ನಾಳೆ ಹೇಳಿದರಾಯಿತು ಎಂದುಕೊಳ್ಳುತ್ತ ದಿನ ದೂಡಿದೆ.

ಇನ್‌ಸ್ಪೆಕ್ಟರ್ ಬಂದರು. ಹಳೇ ಮೈಸೂರಿನ ಕಡೆಯವರು, ಮೆದು ಮಾತು. ಖಾಜಾ ಹುಸೇನರು ಕನ್ನಡ ಪುಸ್ತಕದ ಒಂದು ಪುಟವನ್ನು ತಡೆಯದೆ ಓದಿದರು. ಒಂದೇ ಒಂದು ಕಡೆ ಎಡವಿದರು. ಇನ್‌ಸ್ಪೆಕ್ಟರ್ "ಭೇಷ್ ಮೇಷ್ಟ್ರೇ, ಚೆನ್ನಾಗಿ ಕಲಿತಿದ್ದೀರಿ" ಎಂದರು. ಹೆಡ್‌ಮಾಸ್ತರರೂ ನಾನೂ ಹಿಂದೆ ನಿಂತಿದ್ದೆವು. ಮುಗಿಯಿತು, ಇನ್ನು ಹೋಗುತ್ತಾರೆ ಎಂದು ನಾನು ಉಸಿರು ಬಿಟ್ಟೆ. ಹೊರಟವರು ಬಾಗಿಲಲ್ಲಿ ತಿರುಗಿ ಮಕ್ಕಳನ್ನು ಕೇಳಿದರು.

"ಪೆರು ದೇಶದ ರಾಜಧಾನಿ ಯಾವುದು, ಯಾರು ಹೇಳ್ತೀರಿ?"

ಇಡೀ ತರಗತಿ ಒಂದೇ ದನಿಯಲ್ಲಿ "ಕ್ವಿಟೊ" ಎಂದಿತು.

ಇನ್‌ಸ್ಪೆಕ್ಟರ್ ನಗುತ್ತ ಖಾಜಾ ಹುಸೇನರ ಕಡೆ ತಿರುಗಿದರು. "ನೀವೇ ಹೇಳಿ ಮೇಷ್ಟ್ರೇ."

"ಕ್ವಿಟೋರಿ ಸಾಹೇಬ್ರ. ಹೊಸಾ ಯಾದಿ ಪ್ರಕಾರ."

"ಯಾವ ಹೊಸಾ ಯಾದಿ? ಪೆರುವಿಗೆ ಯಾವತ್ತಿದ್ದರೂ ಲಿಮಾನೇ ಅಲ್ವೇನ್ರೀ? ಅರ್ಜೆಂಟೀನಾಕ್ಕೆ?"

"ಸ್ಯಾಂಟಿಯಾಗೊ" ಎಂದರು ಖಾಜಾ ಹುಸೇನರು. ಅವರ ದನಿ ಸಣ್ಣದಾಗಿತ್ತು. ಹೇಳುತ್ತಲೇ ನನ್ನ ಮುಖ ನೋಡಿದರು.

ನನ್ನ ಕೈಯಲ್ಲಿ ಆ ಯಾದಿಯ ಒಂದು ಪ್ರತಿ ಇತ್ತು. ಅದನ್ನು ಎರಡು ಮಡಿಕೆ ಮಾಡಿ ಜೇಬಿಗಿಟ್ಟುಕೊಂಡೆ. ಹೆಡ್‌ಮಾಸ್ತರರು ನನ್ನನ್ನು ನೋಡಿದರು, ನಾನು ಕಿಟಕಿಯ ಹೊರಗೆ ನೋಡಿದೆ. ಇನ್‌ಸ್ಪೆಕ್ಟರ್ ವಹಿ ತೆರೆದು ಏನೋ ಬರೆದರು. "ಭಾಷೆ ಪರವಾಗಿಲ್ಲ. ವಿಷಯವೇ ಗೊತ್ತಿಲ್ಲದಿದ್ದರೆ ಏನು ಮಾಡೋಣ ಹೇಳಿ" ಎಂದು ಹೆಡ್‌ಮಾಸ್ತರರಿಗೆ ಹೇಳುತ್ತ ಹೊರಗೆ ಹೋದರು. ದೇವಮ್ಮ ಮುಂದಿನ ಸಾಲಿನಲ್ಲಿ ಕುಳಿತು, ತನ್ನ ಮಾಸ್ತರರನ್ನು ಬಾಯಿ ತೆರೆದು ನೋಡುತ್ತಿದ್ದಳು.

ಇಷ್ಟಕ್ಕೇ ನಿಂತಿದ್ದರೆ ಹೇಡಿತನ ಎಂದು ಕರೆದುಕೊಂಡು ಬದುಕಬಹುದಿತ್ತು. ಆಮೇಲೆ ಮಾಡಿದ್ದಕ್ಕೆ ನನಗೆ ಹೆಸರು ಸಿಕ್ಕಿಲ್ಲ. ಅವತ್ತು ಮಧ್ಯಾಹ್ನವೇ ಇದ್ದ ಪ್ರತಿಗಳನ್ನೆಲ್ಲ ಕೂಡಿಹಾಕಿದೆ. ಖಾಜಾ ಹುಸೇನರ ಮೇಜಿನ ಮೇಲಿದ್ದದ್ದನ್ನೂ ಎತ್ತಿಕೊಂಡೆ. ಆರು ಸಾಲು ತಿದ್ದಿ ಹೊಸದಾಗಿ ಬರೆದೆ. ಸುರಪುರಕ್ಕೂ ಯಾದಗಿರಿಗೂ "ಈ ಪ್ರತಿಯನ್ನೇ ಬಳಸುವುದು" ಎಂದು ಕಳಿಸಿದೆ. ಅಲ್ಲಿ ಯಾರೂ ಏನೂ ಕೇಳಲಿಲ್ಲ. ಯಾವ ಕಾಗದವನ್ನೂ ಯಾರೂ ಓದುತ್ತಿರಲಿಲ್ಲ ಎಂಬುದು ಆಗ ಗೊತ್ತಾಯಿತು.

ಮೂರನೆಯ ದಿನ ಖಾಜಾ ಹುಸೇನರು ಬಂದು ನಿಂತರು. ಮುಖದಲ್ಲಿ ಸಿಟ್ಟಿರಲಿಲ್ಲ, ಗಾಬರಿ ಇತ್ತು.

"ಭೀಮರಾಯರ, ಆ ಯಾದಿ ಒಮ್ಮೆ ತೋರಸ್ರಿ."

ತಿದ್ದಿದ್ದನ್ನು ಕೊಟ್ಟೆ. ಬೆರಳಿಟ್ಟು ಓದಿದರು. ಪೆರು, ಲಿಮಾ. ಅರ್ಜೆಂಟೀನಾ, ಬ್ಯೂನಸ್ ಐರಿಸ್.

"ಇಲ್ಲಿ ಬರೋಬ್ಬರಿ ಅದಲ್ರಿ" ಎಂದರು.

"ಮೊದಲಿಂದ ಹಿಂಗ ಅದರಿ."

"ಹೊಸಾ ಯಾದಿ ಬಂದದ ಅಂತ ನೀವು..."

"ನಾ ಯಾವಾಗ ಅಂದೀನ್ರಿ? ಕನ್ನಡ ಹೊಸದು ನಿಮಗ, ಓದೋದ್ರಾಗ ಏನರ ಹಿಂದಮುಂದ ಆಗ್ಯದ."

ಅವರು ಕಾಗದವನ್ನು ಕಣ್ಣಿಗೆ ಹತ್ತಿರ ಹಿಡಿದು ಇನ್ನೊಮ್ಮೆ ನೋಡಿದರು. "ಆಗಿರಬೇಕು" ಎಂದು ವಾಪಸ್ಸು ಕೊಟ್ಟರು.

ಎರಡು ತಿಂಗಳಿಗೆ ವರ್ಗದ ಆದೇಶ ಬಂತು. ಬೋನಾಳದ ಹತ್ತಿರ ಒಂದೇ ಕೋಣೆಯ ಶಾಲೆ, ಸಣ್ಣ ಮಕ್ಕಳು. ಭೂಗೋಳ ನನ್ನ ಪಾಲಿಗೆ ಬಂತು. ನಾನು ಬೇಡ ಎನ್ನಲಿಲ್ಲ.

ಹೊಸ ಮಾಸ್ತರರಿಗೆ ಒಂದು ಮಾತು ಇಲ್ಲೇ ಹೇಳಿಬಿಡುತ್ತೇನೆ, ಕೊನೆಯಲ್ಲಿ ಹೇಳಿದರೆ ಉಪದೇಶದ ಹಾಗಾಗುತ್ತದೆ. ನಿಮ್ಮ ತಪ್ಪನ್ನು ಮಕ್ಕಳು ಒಂದು ವಾರದಲ್ಲಿ ಮರೆಯುತ್ತಾರೆ. ನೀವು ಅದನ್ನು ಮುಚ್ಚಿಡಲು ಏನು ಮಾಡಿದಿರಿ ಎಂಬುದನ್ನು ಮಾತ್ರ ನೀವು ಮರೆಯುವುದಿಲ್ಲ. ಬೋನಾಳಕ್ಕೆ ಹೋಗಿ ಬಂದ ಮೇಲೆ ನಾನು ಮೇಲಿನವರಿಗೆ ಎಲ್ಲವನ್ನೂ ಬರೆದು ಕಳಿಸಿದೆ. ಆ ಇನ್‌ಸ್ಪೆಕ್ಟರ್ ಎಂದೋ ಬೇರೆ ಕಡೆ ಹೋಗಿದ್ದರು. ಅರ್ಜಿ ತಲುಪಿದೆ ಎಂದು ಎರಡು ಸಾಲಿನ ಕಾಗದ ಬಂತು, ಅಷ್ಟೇ. ಖಾಜಾ ಹುಸೇನರು ಆ ಒಂದೇ ಕೋಣೆಯ ಶಾಲೆಯಿಂದಲೇ ನಿವೃತ್ತರಾದರು.

ಬೋನಾಳಕ್ಕೆ ಹೋದದ್ದು ಮೂರು ವರ್ಷ ತಡವಾಗಿ. ಅದೂ ಅವರನ್ನು ನೋಡಲೆಂದು ಹೊರಟದ್ದಲ್ಲ. ಆ ಕಡೆಯ ಶಾಲೆಗಳ ಹಾಜರಿ ನೋಡಿ ಬರಲು ಕಳಿಸಿದ್ದರು. ಚಳಿಗಾಲ. ಕೆರೆಯ ತುಂಬ ದೂರದೇಶದ ಬಾತುಗಳು ಇಳಿದಿದ್ದವು. ಶಾಲೆಯ ಅಂಗಳದಲ್ಲಿ ಖಾಜಾ ಹುಸೇನರು ಮಕ್ಕಳ ನಡುವೆ ಕುಳಿತಿದ್ದರು. ಗಡ್ಡ ಪೂರ್ತಿ ಬೆಳ್ಳಗಾಗಿತ್ತು. ನನ್ನನ್ನು ನೋಡಿ ಎದ್ದು, "ಬರ್ರಿ ಭೀಮರಾಯರ" ಎಂದು ಗೋಣಿತಟ್ಟು ಹಾಸಿದರು. ಒಬ್ಬ ಹುಡುಗಿ ಅವರ ತೋಳು ಜಗ್ಗುತ್ತಿದ್ದಳು.

"ಆ ಬಾತು ಯಾವ ದೇಶದಿಂದ ಬರ್ತಾವ್ರಿ?"

ಹಿಮಾಲಯ ದಾಟಿ ಬರುವ ಬಾತುಗಳ ಬಗ್ಗೆ ಇದೇ ಮನುಷ್ಯ ಶಹಾಪುರದಲ್ಲಿ ಅರ್ಧ ದಿನ ಹೇಳಿದ್ದನ್ನು ನಾನು ಕೇಳಿದ್ದೆ.

"ನೋಡಿ ಹೇಳ್ತೀನವ್ವಾ" ಎಂದರು ಅವರು. "ನನಗ ಖಾತ್ರಿ ಇಲ್ಲ."

ಮಕ್ಕಳನ್ನು ಊಟಕ್ಕೆ ಬಿಟ್ಟರು. ನಾವಿಬ್ಬರೇ ಉಳಿದೆವು. ಅವರು ತಾವಾಗಿಯೇ ಹೇಳತೊಡಗಿದರು, ಮನೆಯವರಿಗೆ ಹೇಳದ್ದನ್ನು ಹಳೆಯ ಜೊತೆಗಾರನಿಗೆ ಹೇಳುವ ಹಾಗೆ.

"ಮರವು ಬಂದದ್ರಿ ನನಗ. ನಮ್ಮ ಅಬ್ಬಾಗ ಹಿಂಗೇ ಸುರು ಆಗಿತ್ತು. ಮೊದಲು ಹೆಸರು ಮರತ, ಕಡೀಕ ಮನಿ ಹಾದಿ ಮರತ. ಓಣ್ಯಾಗ ನಿಂತು ಅಳ್ತಿದ್ದ. ನಂದು ಅವತ್ತ ಇನ್‌ಸ್ಪೆಕ್ಟರ್ ಮುಂದ ಗೊತ್ತಾತು ನೋಡ್ರಿ. ಇಪ್ಪತ್ತು ವರ್ಷ ಕಲಿಸಿದ್ದು, ಒಂದ ಸಲಕ್ಕ ಹೋಗಿಬಿಟ್ಟಿತ್ತು. ಈಗ ಬಾಜಾರಕ್ಕ ಹೋಗಬೇಕಾದ್ರ ಮಗಳನ್ನ ಸಂಗಾಟ ಕರಕೊಂಡು ಹೋಗ್ತೀನಿ. ಯಾಕಂತ ಆಕಿಗಿ ಹೇಳಿಲ್ಲ."

ಅವರ ಹುದ್ದೆ ಕಸಿದೆ ಎಂದಷ್ಟೇ ನಾನು ತಿಳಿದಿದ್ದೆ. ಮೂರು ವರ್ಷ ಅವರು ಪ್ರತಿದಿನ ತಮ್ಮ ತಂದೆಯ ಗತಿಗೆ ಕಾಯುತ್ತಿದ್ದರು ಎಂಬುದು ನನ್ನ ಕಲ್ಪನೆಗೂ ಬಂದಿರಲಿಲ್ಲ.

"ನಿಮಗ ಮರವು ಬಂದಿಲ್ರಿ" ಎಂದೆ. ಆಮೇಲೆ ನಿಲ್ಲಿಸಲಿಲ್ಲ. ನಿಲ್ಲಿಸಿದ್ದರೆ ಮತ್ತೆ ಶುರು ಮಾಡಲಾಗುತ್ತಿರಲಿಲ್ಲ. "ಹೊಸಾ ಯಾದಿ ಯಾವುದೂ ಬಂದಿರಲಿಲ್ಲ. ನಾ ಎಡಗಡಿಂದ ಓದಿ ತಪ್ಪು ಬರದಿದ್ದೆ. ನೀವು ಕೇಳಿದಾಗ ಸುಳ್ಳು ಹೇಳೀನ್ರಿ."

"ಮೂರನೇ ದಿನ ತೋರಿಸಿದ್ದು?"

"ತಿದ್ದಿದ್ದರಿ."

"ನನಗ ತೋರಸಾಕಂತ?"

"ಹೌದ್ರಿ."

ಬಯ್ಯುತ್ತಾರೆ ಎಂದು ಕಾದೆ. ಬಯ್ದಿದ್ದರೆ ಚೆನ್ನಾಗಿತ್ತು. ಅವರು ಎದ್ದು, ನನಗೆ ಬೆನ್ನು ಮಾಡಿ, ಗೋಡೆಯ ಮೇಲೆ ಕೈಯೂರಿ ನಿಂತರು. ಮೆಲ್ಲಗೆ ಶುರು ಮಾಡಿದರು. ವೆನೆಜುವೆಲಾ, ಕರಾಕಸ್. ಕೊಲಂಬಿಯಾ, ಬೊಗೋಟಾ. ಈಕ್ವೆಡಾರ್, ಕ್ವಿಟೊ. ಪೆರು, ಲಿಮಾ. ಒಂದೊಂದಕ್ಕೂ ದನಿ ಏರುತ್ತ ಹೋಯಿತು. ಯುರೋಪು ಬಂತು, ಆಫ್ರಿಕಾ ಬಂತು. ತೋರಣದಲ್ಲಿ ಇದ್ದವೂ ಬಂದವು, ಇಲ್ಲದವೂ ಬಂದವು. ಮಧ್ಯೆ ಒಂದು ಕಡೆ ಅಳುತ್ತಿದ್ದರು, ಆದರೆ ನಿಲ್ಲಿಸಲಿಲ್ಲ. ಕೊನೆಗೆ ತಿರುಗಿ, ಬಂದಾಗಿನಿಂದ ಮೊದಲ ಸಲ ನನ್ನ ಕಣ್ಣಲ್ಲಿ ಕಣ್ಣಿಟ್ಟು ಕೇಳಿದರು.

"ಉರುಗ್ವೆ, ಮಾಂಟೆವಿಡಿಯೋ. ಬರೋಬ್ಬರಿ ಅದೇನ್ರಿ?"

ನಾನು ಮೂರು ವರ್ಷದಿಂದ ಅವರ ಜಾಗದಲ್ಲಿ ನಿಂತು ಭೂಗೋಳ ಕಲಿಸುತ್ತಿದ್ದೆ. ಆ ದೇಶದ ಹೆಸರನ್ನೇ ಕೇಳಿರಲಿಲ್ಲ.

"ಗೊತ್ತಿಲ್ರಿ" ಎಂದೆ.

"ಇಷ್ಟ ಅಂದಿದ್ರ ಸಾಕಾಗಿತ್ತಲ್ರಿ ಅವತ್ತ" ಎಂದರು ಖಾಜಾ ಹುಸೇನರು.